ಪದಚರ್ಚೆ: ‘ಹೊರಗುಳಿಯುವಿಕೆ’ ಅಂದರೆ ಲೈನ್ ಮನೆಯವರಿಗೆ ತಿಳಿಯುತ್ತದೆಯೇ?

ಬಳಗದ ಎಲ್ಲರಿಗೂ ನಮಸ್ಕಾರ.

ಸೋಶಿಯಲ್ ಎಕ್ಸ್‌ಕ್ಲೂಷನ್ (ಸಮಾಜದ ಸವಲತ್ತುಗಳಿಂದ ಕೆಲವರನ್ನು ದೂರ ಇಡುವುದು), ಸೋಶಿಯಲ್ ಇನ್‌ಕ್ಲೂಷನ್ (ಅವರನ್ನೂ ಸೇರಿಸಿಕೊಳ್ಳುವುದು) ಎರಡಕ್ಕೂ ಕನ್ನಡದಲ್ಲಿ ನೀವು ಏನು ಹೇಳುತ್ತೀರಿ? ವಿಶ್ವವಿದ್ಯಾಲಯಗಳಲ್ಲಿ ನಡೆಯುವ ಪದಗಳು ಗೊತ್ತು. ನನಗೆ ಬೇಕಾಗಿರುವುದು ಊರಿನವರು ಕೇಳಿದ ಕೂಡಲೇ ‘ಹೌದು, ಇದು ನಮ್ಮ ವಿಷಯ’ ಅನ್ನುವಂಥ ಪದ.

ನಾವು ಕೆಲವರು ಸೇರಿ ಕೊಡಗಿನ ಗ್ರಾಮ ಪಂಚಾಯತಿ ಸದಸ್ಯರಿಗಾಗಿ ಒಂದು ಸಣ್ಣ ಕೈಪಿಡಿ ಬರೆಯುತ್ತಿದ್ದೇವೆ. ಕಾಫಿ ತೋಟದ ಲೈನ್ ಮನೆಗಳಲ್ಲಿ (ಆಳುಗಳಿಗಾಗಿ ತೋಟದವರು ಸಾಲಾಗಿ ಕಟ್ಟಿದ ಮನೆಗಳಲ್ಲಿ) ಇರುವವರು, ಆದಿವಾಸಿಗಳ ಹಾಡಿಗಳಲ್ಲಿ ಇರುವವರು, ಅಸ್ಸಾಂ ಕಡೆಯಿಂದ ಕೆಲಸಕ್ಕೆ ಬಂದವರು – ಇವರಿಗೆ ಸರ್ಕಾರದ ಸವಲತ್ತು ಎಲ್ಲಿ ತಪ್ಪಿಹೋಗುತ್ತಿದೆ, ಪಂಚಾಯತಿ ಏನು ಮಾಡಬಹುದು ಅನ್ನುವುದು ಅದರ ವಿಷಯ. ಪದ ಸರಿ ಸಿಗದೆ ಎರಡನೇ ಅಧ್ಯಾಯದಲ್ಲೇ ನಿಂತಿದ್ದೇವೆ.

ಮೊದಲು ‘ಸೋಶಿಯಲ್ ಎಕ್ಸ್‌ಕ್ಲೂಷನ್’ ಅನ್ನುವ ಮಾತು ಹುಟ್ಟಿದ ಕಡೆಗೆ ಒಮ್ಮೆ ನೋಡೋಣ. ಈಗಿನ ಅರ್ಥದಲ್ಲಿ ಇದನ್ನು ಬಳಕೆಗೆ ತಂದವರು ಫ್ರಾನ್ಸಿನ ರೆನೆ ಲೆನ್ವಾರ್, 1974ರಲ್ಲಿ. ಅಂಗವಿಕಲರು, ದಿಕ್ಕಿಲ್ಲದ ಮುದುಕರು ಹೀಗೆ ಸರ್ಕಾರದ ರಕ್ಷಣೆಗೆ ಸಿಗದೆ ಹೋದವರೆಲ್ಲ ಅವರ ಲೆಕ್ಕದಲ್ಲಿ ‘ಹೊರಗಿನವರು’. 1995ರಲ್ಲಿ ಕೋಪನ್‌ಹೇಗನ್‌ನಲ್ಲಿ ವಿಶ್ವಸಂಸ್ಥೆಯ ಸಾಮಾಜಿಕ ಅಭಿವೃದ್ಧಿ ಶೃಂಗಸಭೆ ನಡೆಯುವ ಹೊತ್ತಿಗೆ ಮಾತು ಜಗತ್ತೆಲ್ಲ ಹರಡಿತ್ತು. ನಮ್ಮಲ್ಲಿ 2007ರಿಂದ 2012ರ ಹನ್ನೊಂದನೇ ಪಂಚವಾರ್ಷಿಕ ಯೋಜನೆ ‘ಇನ್‌ಕ್ಲೂಸಿವ್ ಗ್ರೋತ್’ ಅನ್ನುವುದನ್ನೇ ಗುರಿ ಮಾಡಿಕೊಂಡಿತು. ಆಗಿನಿಂದ ಕನ್ನಡದಲ್ಲಿ ‘ಒಳಗೊಳ್ಳುವ ಬೆಳವಣಿಗೆ’, ‘ಅಂತರ್ಗತ ಅಭಿವೃದ್ಧಿ’, ‘ಸರ್ವರನ್ನೂ ಒಳಗೊಂಡ ಅಭಿವೃದ್ಧಿ’ ಎಲ್ಲವೂ ಓಡಾಡುತ್ತಿವೆ. ‘ಅಂತರ್ಗತ’ ಅಂದರೆ ಏನು ಅಂತ ಪಂಚಾಯತಿ ಸದಸ್ಯರನ್ನು ಕೇಳಿ ನೋಡಿ. ‘ಅಂತರ್ಜಲಕ್ಕೆ ಸಂಬಂಧಪಟ್ಟದ್ದಾ?’ ಅಂತ ಒಬ್ಬರು ನಿಜವಾಗಿ ಕೇಳಿದರು. ತಪ್ಪು ಅವರದಲ್ಲ.

‘ಬಹಿಷ್ಕಾರ’ ಜೋರಾದ ಪದ. ಎಲ್ಲರಿಗೂ ಗೊತ್ತು. ಆದರೆ ಅದು ಊರು ಕೂತು, ಮಾತಾಡಿ, ತೀರ್ಮಾನ ಮಾಡಿ ಹಾಕುವಂಥದ್ದು. ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ಕಾಯ್ದೆಗೆ 2015ರಲ್ಲಿ ತಿದ್ದುಪಡಿ ಬಂದಾಗ ಸಾಮಾಜಿಕ ಬಹಿಷ್ಕಾರ, ಆರ್ಥಿಕ ಬಹಿಷ್ಕಾರ ಅಂದರೆ ಏನು ಅಂತ ವ್ಯಾಖ್ಯೆಯನ್ನೇ ಕೊಟ್ಟಿದ್ದಾರೆ. ಹಾಗಾಗಿ ಅದನ್ನು ಆ ಅಪರಾಧದ ಹೆಸರಾಗಿಯೇ ಉಳಿಸಿಕೊಳ್ಳುವುದು ಒಳ್ಳೆಯದು. ಇನ್ನೊಂದು ಮಾತು. ರಸ್ತೆ ಇಲ್ಲ, ಕರೆಂಟ್ ಇಲ್ಲ ಅಂತ ಹಾಡಿಯವರು ಚುನಾವಣೆ ಹೊತ್ತಿಗೆ ‘ಮತದಾನ ಬಹಿಷ್ಕಾರ’ ಅಂತ ಬೋರ್ಡ್ ಬರೆದು ನಿಲ್ಲಿಸುತ್ತಾರೆ. ಬೇರೇನೂ ಇಲ್ಲದವರ ಕೈಯಲ್ಲಿ ಉಳಿದಿರುವ ಒಂದೇ ಆಯುಧದ ಹೆಸರೂ ಅದೇ. ಅದನ್ನು ಅವರ ಪಾಡಿಗೇ ಬಿಡೋಣ.

‘ಹೊರಗಿಡು’ ನೇರವಾಗಿದೆ. ಇಟ್ಟವರು ಯಾರೋ ಇದ್ದಾರೆ ಅಂತ ಕ್ರಿಯಾಪದವೇ ಹೇಳುತ್ತದೆ. ಒಂದು ತೊಡಕಿದೆ. ಹಳ್ಳಿಯ ಹೆಂಗಸರಿಗೆ ‘ಹೊರಗೆ’ ಅಂದ ಕೂಡಲೇ ಬರುವ ಅರ್ಥ ಬೇರೆ. ‘ಹೊರಗಾಗಿದ್ದಾಳೆ’, ‘ಹೊರಗೆ ಕೂತಿದ್ದಾಳೆ’ ಅಂದರೆ ಮುಟ್ಟಾಗಿದ್ದಾಳೆ ಅಂತ. ಅದೂ ಒಂದು ಹೊರಗಿಡುವುದೇ, ಅಲ್ವಾ? ಆದರೂ ಕೈಪಿಡಿಯಲ್ಲಿ ನಾವು ಹೇಳಬೇಕಾದದ್ದು ಅದಲ್ಲ.

ವಿಶ್ವವಿದ್ಯಾಲಯದ ಕೇಂದ್ರಗಳ ಹೆಸರಿನಲ್ಲಿ, ಪ್ರಬಂಧಗಳಲ್ಲಿ ಜಾಸ್ತಿ ಕಾಣುವುದು ‘ಹೊರಗುಳಿಯುವಿಕೆ’. ಇದಕ್ಕೆ ನನ್ನ ತಕರಾರು ಗಟ್ಟಿಯಾಗಿಯೇ ಇದೆ. ಕನ್ನಡದಲ್ಲಿ ಹೊರಗುಳಿಯುವುದು ತಾನಾಗಿ ಮಾಡುವ ಕೆಲಸ. ಆಟಗಾರ ಗಾಯದಿಂದ ಪಂದ್ಯದಿಂದ ಹೊರಗುಳಿಯುತ್ತಾನೆ. ಪಕ್ಷವೊಂದು ಮತದಾನದಿಂದ ಹೊರಗುಳಿಯುತ್ತದೆ. ‘ಆದಿವಾಸಿಗಳು ಶಿಕ್ಷಣದಿಂದ ಹೊರಗುಳಿದಿದ್ದಾರೆ’ ಅಂತ ಬರೆದರೆ, ಅವರೇ ಬೇಡ ಅಂದರು ಅನ್ನುವ ಹಾಗೆ ಕೇಳುತ್ತದೆ. ಇಟ್ಟವರ ಕೈ ವಾಕ್ಯದಿಂದ ಮಾಯವಾಗುತ್ತದೆ. ಇದನ್ನು ಬಳಸುವ ಮೇಷ್ಟ್ರುಗಳು ಬಳಗದಲ್ಲಿ ಇದ್ದರೆ ದಯವಿಟ್ಟು ಯೋಚಿಸಿ. ವಿದ್ಯಾರ್ಥಿಗಳ ಕೈಯಲ್ಲಿ ನೀವು ಬರೆಸುತ್ತಿರುವ ವಾಕ್ಯ ಇದು.

ಇಷ್ಟಾದ ಮೇಲೆ ‘ಹೊರಗಿಡುವಿಕೆ’ ಇರಲಿ ಅಂತ ಕರಡಿನಲ್ಲಿ ಹಾಕಿದ್ದೆವು. ಸಿದ್ದಾಪುರದ ಆಚೆ ಒಂದು ತೋಟದ ಲೈನಿನ ಹತ್ತಿರ ಕೂತು ಅದನ್ನು ಓದಿ ಹೇಳಿದಾಗ ಒಬ್ಬ ಎರವ ಹೆಂಗಸು (ಎರವರು ಇಲ್ಲಿನ ಒಂದು ಆದಿವಾಸಿ ಸಮುದಾಯ) ಕೇಳಿದ್ದು ಇದು: ‘ನಾವೆಲ್ಲಿ ಹೊರಗಿದ್ದೀವಿ ಅಕ್ಕ? ಗೇಟಿನ ಒಳಗೇ ಇದ್ದೀವಲ್ಲ. ಹೊರಗೆ ಹೋಗೋಕೇ ಕೇಳ್ಬೇಕು.’

ನನ್ನ ಪ್ರಶ್ನೆ ಬದಲಾದದ್ದು ಅಲ್ಲಿ. ಲೈನ್ ಮನೆಯವರು ತೋಟದ ಒಳಗೆ ಇದ್ದಾರೆ. ದೇಶದ ಕಾಫಿಯಲ್ಲಿ ಸುಮಾರು ಮೂರನೇ ಒಂದು ಭಾಗ ಬೆಳೆಯುವ ಜಿಲ್ಲೆ ಇದು. ಅವರು ಕುಯ್ಯುವ ಹಣ್ಣು ಇಟಲಿಗೆ ಹೋಗುತ್ತದೆ. ರೊಬಸ್ಟಾದ ಬೆಲೆ ಲಂಡನ್ನಿನಲ್ಲಿ, ಅರೇಬಿಕಾದ ಬೆಲೆ ನ್ಯೂಯಾರ್ಕಿನಲ್ಲಿ ಏರಿಳಿದರೆ ಇಲ್ಲಿ ಎಷ್ಟು ಜನಕ್ಕೆ ಕೆಲಸ ಅನ್ನುವುದೂ ಏರಿಳಿಯುತ್ತದೆ. 1990ರ ದಶಕದಲ್ಲಿ ಬೆಳೆದ ಕಾಫಿಯನ್ನು ಬೋರ್ಡಿಗೇ ಕೊಟ್ಟು ಅದರ ಮೂಲಕವೇ ಮಾರಬೇಕಾಗಿದ್ದ ಪೂಲ್ ಪದ್ಧತಿ ಹೋಗಿ ಮಾರುಕಟ್ಟೆ ಮುಕ್ತವಾದ ಮೇಲಂತೂ ಈ ನಂಟು ಇನ್ನೂ ಬಿಗಿಯಾಯಿತು. 2000ದ ಆಚೀಚೆ ಬೆಲೆ ಕುಸಿದಾಗ ಮೊದಲು ಕೆಲಸ ಹೋದದ್ದು ಯಾರಿಗೆ ಅಂತ ಇಲ್ಲಿಯವರಿಗೆ ನೆನಪಿದೆ. ಜಾಗತೀಕರಣದ ಒಳಗೆ ಇವರಷ್ಟು ಇರುವವರು ಬೇರೆ ಯಾರಿದ್ದಾರೆ?

ಆದರೆ ಇವರಲ್ಲಿ ಬಹಳ ಮಂದಿಗೆ ಸ್ವಂತ ವಿಳಾಸವಿಲ್ಲ. ರೇಷನ್ ಕಾರ್ಡಿನ ಅರ್ಜಿ ತುಂಬಲು ಕೂತರೆ ‘ಮನೆ ನಂಬರ್’ ಅನ್ನುವ ಜಾಗಕ್ಕೆ ಬಂದು ಪೆನ್ನು ನಿಲ್ಲುತ್ತದೆ. ಮನೆ ತೋಟದ್ದು. ನಂಬರ್ ಇದ್ದರೆ ತೋಟದ ಹೆಸರಲ್ಲಿ. ಕೊನೆಗೆ ‘ಕೇರಾಫ್’ ಅಂತ ಬರೆದು ತೋಟದ ಹೆಸರು ಹಾಕುತ್ತಾರೆ. ಅದಕ್ಕೂ ತೋಟದ ಲೆಕ್ಕ ಬರೆಯುವ ರೈಟರ ಹತ್ತಿರ, ಸಾವ್ಕಾರ್ರ ಹತ್ತಿರ ಒಂದು ಚೀಟಿ ಬೇಕು. ಕೆಲಸ ಬಿಟ್ಟರೆ ಲೈನ್ ಬಿಡಬೇಕು. ಲೈನ್ ಬಿಟ್ಟರೆ ಕೇರಾಫ್ ಹೋಯಿತು. ಅದರ ಹಿಂದೆಯೇ ಅಂಗನವಾಡಿ, ವೋಟು, ಪಿಂಚಣಿ ಎಲ್ಲವೂ ಅಲ್ಲಾಡುತ್ತವೆ. 1951ರ ತೋಟ ಕಾರ್ಮಿಕರ ಕಾಯ್ದೆಯಲ್ಲಿ ವಸತಿ ಕೊಡುವುದು ಮಾಲೀಕರ ಹೊಣೆ ಅಂತ ಇತ್ತು. ಕಾರ್ಮಿಕರ ಒಳ್ಳೆಯದಕ್ಕೇ ಮಾಡಿದ್ದು. ಆದರೆ ಐದು ಹೆಕ್ಟೇರಿಗಿಂತ ಚಿಕ್ಕ ತೋಟ ಆ ಕಾಯ್ದೆಗೆ ಸೇರುತ್ತಿರಲಿಲ್ಲ. ಅಂಥ ತೋಟಗಳೇ ಇಲ್ಲಿ ಜಾಸ್ತಿ.

ಅಮರ್ತ್ಯ ಸೇನ್ 2000ದಲ್ಲಿ ಬರೆದ ಒಂದು ಪ್ರಬಂಧದಲ್ಲಿ ಇದನ್ನೇ ಬಿಡಿಸಿ ಹೇಳುತ್ತಾರೆ. ಎಲ್ಲ ಕೊರತೆಯೂ ಹೊರಗಿಟ್ಟದ್ದರಿಂದ ಬರುವುದಿಲ್ಲ. ಒಳಗೆ ಸೇರಿಸಿಕೊಂಡ ಷರತ್ತು ಕೆಟ್ಟದಾಗಿದ್ದರೂ ಬರುತ್ತದೆ. ಎರಡನ್ನೂ ಒಂದೇ ಹೆಸರಿನಿಂದ ಕರೆಯಬಾರದು ಅನ್ನುವುದು ಅವರ ಮಾತು. ಹಾಗಾದರೆ ನಮಗೆ ಬೇಕಾದದ್ದು ಎರಡು ಪದ ಅಲ್ಲ, ಮೂರು: ಹೊರಗಿಡುವುದಕ್ಕೊಂದು, ಸರಿಯಾಗಿ ಸೇರಿಸಿಕೊಳ್ಳುವುದಕ್ಕೊಂದು, ಒಳಗಿಟ್ಟುಕೊಂಡೇ ಕಡೆಗಣಿಸುವುದಕ್ಕೊಂದು.

‘ಒಳಗೊಳ್ಳುವಿಕೆ’ ಈ ಎರಡನೆಯ ಮತ್ತು ಮೂರನೆಯ ಅರ್ಥಗಳ ನಡುವೆ ಗೆರೆ ಎಳೆಯುವುದಿಲ್ಲ. ತೋಟವೂ ಆಳುಗಳನ್ನು ಒಳಗೊಂಡಿದೆ. ‘ಮುಖ್ಯವಾಹಿನಿಗೆ ತರುವುದು’ ಅನ್ನುವ ಮಾತನ್ನು ನಾನು ಬಳಸುವುದೇ ಇಲ್ಲ. ನಾಗರಹೊಳೆಯ ಕಾಡಿನಿಂದ ಜೇನು ಕುರುಬರನ್ನು, ಎರವರನ್ನು ಎಬ್ಬಿಸಿ ಬೇರೆ ಕಡೆ ಕೂರಿಸುವಾಗ ಈ ಮಾತನ್ನು ಧಾರಾಳವಾಗಿ ಆಡಿದ್ದಾರೆ. ಅದೇ ಕಾಡಿನ ಒಳಗೆ 1990ರ ದಶಕದಲ್ಲಿ ಪ್ರವಾಸಿಗರಿಗೆ ಒಂದು ದೊಡ್ಡ ಹೋಟೆಲ್ ಏಳುತ್ತಿತ್ತು. ಆದಿವಾಸಿಗಳು ಹೋರಾಡಿದರು, 1997ರಲ್ಲಿ ಹೈಕೋರ್ಟ್ ಆ ಗುತ್ತಿಗೆ ಸಲ್ಲದು ಅಂದಿತು. ತಲೆಮಾರುಗಳಿಂದ ಇದ್ದವರು ಆಚೆ, ದುಡ್ಡು ಕೊಟ್ಟು ಬರುವವರು ಒಳಗೆ ಅನ್ನುವುದಾದರೆ ಯಾವುದು ಮುಖ್ಯ, ಯಾವುದು ವಾಹಿನಿ?

ಕನ್ನಡದ ಒಳಗೇ ಹುಡುಕುತ್ತಾ ಹೋದಾಗ ನನಗೆ ಸಿಕ್ಕ ಮೊದಲ ಪದ ‘ಒಕ್ಕಲು’. ಒಂದು ಕಡೆ ನೆಲೆ ನಿಲ್ಲುವುದು ಅಂತ ಮೂಲ ಅರ್ಥ. ಹೊಸ ಮನೆಗೆ ಹೋಗುವುದು ಮನೆ ಒಕ್ಕಲು. ‘ನಾವು ತಿಮ್ಮಪ್ಪನ ಒಕ್ಕಲು’ ಅಂದರೆ ಆ ದೇವರಿಗೆ ಸೇರಿದವರು. ಕೊಡವರ ‘ಒಕ್ಕ’ ಕೂಡ ಇದೇ ಬೇರಿನದು. ಒಂದು ಐನ್‌ಮನೆ (ಹಿರಿಯರ ಕಾಲದ ಮೂಲಮನೆ), ಒಂದು ಮನೆತನದ ಹೆಸರು, ಅದಕ್ಕೆ ಸೇರಿದವರೆಲ್ಲ ಒಂದು ಒಕ್ಕ. 1997ರಲ್ಲಿ ಶುರುವಾದ ಕೊಡವ ಹಾಕಿ ಹಬ್ಬದಲ್ಲಿ ತಂಡ ಕಟ್ಟುವುದೂ ಒಕ್ಕದ ಹೆಸರಲ್ಲೇ. ಸೇರಿದವನು ಅನ್ನುವುದಕ್ಕೆ ಇದಕ್ಕಿಂತ ಬೆಚ್ಚಗಿನ ಪದ ಬೇಕೇ? ಎದುರು ಪದವೂ ಸಿದ್ಧವಾಗಿದೆ: ಒಕ್ಕಲೆಬ್ಬಿಸು. 2016ರ ಡಿಸೆಂಬರಿನಲ್ಲಿ ಕೊಡಗಿನ ದಿಡ್ಡಳ್ಳಿಯಲ್ಲಿ ಅರಣ್ಯ ಇಲಾಖೆ ಗುಡಿಸಲುಗಳನ್ನು ಕೆಡವಿದಾಗ ಎಲ್ಲರ ಬಾಯಲ್ಲೂ ಬಂದ ಪದ ಅದೇ. ಅಲ್ಲಿದ್ದವರಲ್ಲಿ ಬಹಳ ಮಂದಿ ಲೈನ್ ಮನೆ ಬಿಟ್ಟು, ತಮ್ಮದೇ ಒಂದು ಜಾಗ ಬೇಕು ಅಂತ ಬಂದು ಗುಡಿಸಲು ಹಾಕಿದವರು. ದೊಡ್ಡ ಹೋರಾಟವಾಗಿ, ಆಮೇಲೆ ಕುಶಾಲನಗರದ ಹತ್ತಿರ ಬಸವನಹಳ್ಳಿ, ಬ್ಯಾಡಗೊಟ್ಟದಲ್ಲಿ ಮನೆ ಕೊಟ್ಟರು.

ಹಾಗಿದ್ದರೂ ಕೈಪಿಡಿಯಲ್ಲಿ ‘ಒಕ್ಕಲು’ ಹಾಕಲು ನನಗೆ ಮನಸ್ಸು ಬರುತ್ತಿಲ್ಲ. ಹತ್ತೊಂಬತ್ತನೇ ಶತಮಾನದ ಬ್ರಿಟಿಷ್ ಬರಹಗಳಲ್ಲಿ ಕೊಡಗಿನ ಜೀತದಾಳುಗಳನ್ನು ಎರಡು ಬಗೆ ಮಾಡಿದ್ದಾರೆ. ಭೂಮಿ ಜಮ್ಮದವರು ನೆಲದ ಜೊತೆಗೆ ಸೇರಿದವರು. ಒಕ್ಕಲು ಜಮ್ಮದವರು ಒಡೆಯನ ಸ್ವತ್ತು, ಅವರನ್ನು ಮಾರಬಹುದಿತ್ತು. ಅಂದರೆ ಒಂದೇ ಪದ ಒಬ್ಬರಿಗೆ ಮನೆತನದ ಹೆಮ್ಮೆ, ಇನ್ನೊಬ್ಬರಿಗೆ ಕೊರಳಿನ ಹಗ್ಗ. ‘ಎರವ’ ಅನ್ನುವ ಹೆಸರೇ ‘ಎರವು’ ಅನ್ನುವುದರಿಂದ, ಅಂದರೆ ಸಾಲವಾಗಿ ತಂದದ್ದು ಅನ್ನುವುದರಿಂದ ಬಂತು ಅಂತ ಹಳೆಯ ಬರಹಗಳಲ್ಲಿ ಹೇಳುತ್ತಾರೆ. ಅವರು ತಮ್ಮನ್ನು ಕರೆದುಕೊಳ್ಳುವುದು ರಾವುಳ ಅಂತ. ಗಡಿ ದಾಟಿ ವಯನಾಡಿಗೆ ಹೋದರೆ ಇದೇ ಜನಕ್ಕೆ ಅಡಿಯ ಅಂತ ಹೆಸರು. ಅದೂ ಆಳು ಅನ್ನುವ ಅರ್ಥದ್ದೇ. ಹೆಸರು ಇಟ್ಟವರು ಎರಡೂ ಕಡೆ ಬೇರೆಯವರು.

ಇನ್ನೊಂದು ಮಾತು ಸಿಕ್ಕಿದ್ದು ಕೆಲಸದಿಂದ ನಿವೃತ್ತರಾದ ಒಬ್ಬ ರೈಟರಿಂದ. ಹಣ್ಣು ಕುಯ್ಯುವ ಕಾಲದಲ್ಲಿ ಸಂಜೆ ತೂಕ ಹಾಕುವ ಜಾಗವನ್ನು ಅವರು ವಿವರಿಸುತ್ತಿದ್ದರು. ಸಾಲಾಗಿ ಚೀಲ. ಒಂದು ಚೀಲಕ್ಕೆ ಗಂಡ, ಹೆಂಡತಿ, ಅತ್ತೆ ಮೂವರೂ ಕುಯ್ದಿರುತ್ತಾರೆ. ಪುಸ್ತಕದಲ್ಲಿ ಬರೆಯುವುದು ಒಂದೇ ಹೆಸರು, ಗಂಡನದು. ‘ಉಳಿದವರದು ಆಟಕ್ಕುಂಟು ಲೆಕ್ಕಕ್ಕಿಲ್ಲ ಮೇಡಂ’ ಅಂದರು.

ಸೇನ್ ಮಾತಿನಿಂದ ನಾವು ಹುಡುಕಲು ಹೊರಟ ಮೂರನೆಯದು ಇದೇ ಅಲ್ವಾ! ಆಟಕ್ಕೆ ಸೇರಿಸಿಕೊಂಡಿದ್ದೇವೆ, ಓಡಿಸುತ್ತಿದ್ದೇವೆ, ಅಂಕ ಮಾತ್ರ ಬರೆಯುವುದಿಲ್ಲ. ಮಕ್ಕಳೂ ಬಳಸುವ ಮಾತು, ಯಾರಿಗೂ ಅರ್ಥ ಬಿಡಿಸಬೇಕಿಲ್ಲ. ‘ಲೆಕ್ಕ’ ಅನ್ನುವುದು ಮನಸ್ಸಿಗೂ ಕಾಗದಕ್ಕೂ ಒಂದೇ ಸಲ ತಾಗುತ್ತದೆ. ‘ಅವರು ನಮ್ಮನ್ನು ಲೆಕ್ಕಕ್ಕೇ ತಗೊಳ್ಳಲ್ಲ’ ಅಂದರೆ ಮರ್ಯಾದೆ ಕೊಡುವುದಿಲ್ಲ ಅಂತ. ಲೆಕ್ಕದಲ್ಲಿ ಹೆಸರಿಲ್ಲ ಅಂದರೆ ಪಟ್ಟಿಯಲ್ಲಿ ಇಲ್ಲ ಅಂತ. ಲೆನ್ವಾರ್ ಶುರು ಮಾಡಿದ್ದೂ ಇಂಥ ಜನರಿಂದಲೇ.

ಅಸ್ಸಾಮಿನಿಂದ ಬಂದವರಿಗೂ ಈ ಮಾತು ಸರಿಯಾಗಿ ಕೂರುತ್ತದೆ. ತೋಟಕ್ಕೆ ಅವರು ಬೇಕು. ಸಂತೆಗೆ ಬಂದರೆ ‘ಬಾಂಗ್ಲಾದವರಾ?’ ಅನ್ನುವ ಪ್ರಶ್ನೆ. ಆಧಾರ್ ಕಾರ್ಡನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಅಂಗಿಯ ಒಳಜೇಬಿನಲ್ಲಿ ಇಟ್ಟುಕೊಂಡೇ ಓಡಾಡುತ್ತಾರೆ. ಅವರ ಮಕ್ಕಳು ಇಲ್ಲಿನ ಶಾಲೆಯ ಲೆಕ್ಕಕ್ಕೂ ಇಲ್ಲ, ಅಲ್ಲಿನ ಶಾಲೆಯ ಲೆಕ್ಕಕ್ಕೂ ಇಲ್ಲ ಅನ್ನುವ ಹಾಗೆ ಆಗಿದೆ.

ಈಗ ಲೆಕ್ಕ ಎಲ್ಲಿಯವರೆಗೆ ಹೋಗಿದೆ ನೋಡಿ. ಯುರೋಪಿಯನ್ ಯೂನಿಯನ್ 2023ರಲ್ಲಿ ಒಂದು ನಿಯಮ ತಂದಿದೆ. 2020ರ ಕೊನೆಯ ನಂತರ ಕಾಡು ಕಡಿದ ನೆಲದಲ್ಲಿ ಬೆಳೆದ ಕಾಫಿಯನ್ನು ಅಲ್ಲಿ ಮಾರುವಂತಿಲ್ಲ. ಅದಕ್ಕಾಗಿ ಪ್ರತಿ ತೋಟದ ಅಕ್ಷಾಂಶ, ರೇಖಾಂಶ ಕೊಡಬೇಕು. ನಾಲ್ಕು ಹೆಕ್ಟೇರಿಗಿಂತ ದೊಡ್ಡದಾದರೆ ತೋಟದ ಸುತ್ತಳತೆಯನ್ನೇ ನಕ್ಷೆಯಲ್ಲಿ ಎಳೆದು ಕೊಡಬೇಕು. ಜಾರಿ ದಿನ ಮುಂದಕ್ಕೆ ಹೋಗಿದೆ, ಆದರೂ ತಯಾರಿ ನಡೆದಿದೆ. ನಿಯಮ ಒಳ್ಳೆಯದೇ, ಕಾಡು ಉಳಿಯಬೇಕು. ನನ್ನ ಸಂಕಟ ಬೇರೆ. ಕಾಫಿ ಗಿಡ ನಿಂತ ಜಾಗ ಯೂನಿಯನ್ನಿನ ಕಚೇರಿಗಳಿರುವ ಬ್ರಸೆಲ್ಸ್‌ಗೆ ಗೊತ್ತಾಗುತ್ತದೆ. ಅದೇ ನಕ್ಷೆಯ ಗೆರೆಯ ಒಳಗಿರುವ ಲೈನ್ ಮನೆಯ ಬಾಗಿಲಿಗೆ ನಮ್ಮ ಪಂಚಾಯತಿಯಲ್ಲಿ ನಂಬರ್ ಇಲ್ಲ.

ಇಷ್ಟು ಹೇಳಿ ನಿಮ್ಮನ್ನು ಕೇಳುವುದು ಇದು. ಕೈಪಿಡಿಯಲ್ಲಿ ‘ಹೊರಗಿಡು’, ‘ಲೆಕ್ಕಕ್ಕಿಲ್ಲದ ಹಾಗೆ ಇಡು’, ‘ಲೆಕ್ಕಕ್ಕೆ ತಗೊಳ್ಳು’ ಅಂತ ಮೂರನ್ನೂ ಬೇರೆ ಬೇರೆಯಾಗಿ ಬಳಸಬೇಕು ಅಂತ ನನ್ನ ಆಸೆ. ಜೊತೆಗಿರುವವರಲ್ಲಿ ಇಬ್ಬರಿಗೆ ಇದು ತೀರಾ ಆಡುಮಾತು ಅನಿಸಿದೆ. ಅಧಿಕಾರಿಗಳು ಓದುವ ಬರಹದಲ್ಲಿ ನಿಲ್ಲುವುದಿಲ್ಲ ಅನ್ನುತ್ತಾರೆ. ನಿಮಗೆ ಏನನಿಸುತ್ತದೆ? ‘ಲೆಕ್ಕಕ್ಕೆ ತಗೊಳ್ಳು’ ಅನ್ನುವುದರಲ್ಲಿ ತಲೆ ಎಣಿಸುವುದು ಮಾತ್ರ ಕೇಳಿಸಿ, ಮಾತಿಗೆ ಬೆಲೆ ಕೊಡುವುದು ಕೇಳಿಸದೆ ಹೋಗುತ್ತದೆಯೇ? ಉತ್ತರ ಕರ್ನಾಟಕದ ಕಡೆ ‘ಲೆಕ್ಕಕ್ಕ ಹಿಡಿ’ ಅನ್ನುವ ಬಳಕೆ ಇದ್ದರೆ ಯಾವ ಅರ್ಥದಲ್ಲಿ ಅಂತ ವಾಕ್ಯದ ಸಮೇತ ಬರೆಯಿರಿ. ಕೊಡವ ತಕ್ಕ್, ಅರೆಭಾಷೆ, ಬ್ಯಾರಿ ಬಲ್ಲವರು ಮನೆಯಲ್ಲಿ ಹಿರಿಯರನ್ನು ಕೇಳಿ ನೋಡಿ. ರಾವುಳರ ಮಾತಿನಲ್ಲಿ, ಜೇನು ಕುರುಬರ ಮಾತಿನಲ್ಲಿ ‘ನಮ್ಮವರು’ ಅನ್ನುವುದಕ್ಕೆ ಇರುವ ಪದಗಳನ್ನು ನಾನು ಅವರ ಹತ್ತಿರವೇ ಕೂತು ಬರೆದುಕೊಳ್ಳುತ್ತಿದ್ದೇನೆ. ಹಣ್ಣು ಕುಯ್ಯುವುದು ಶುರುವಾದರೆ ಯಾರಿಗೂ ಬಿಡುವಿರುವುದಿಲ್ಲ. ಅದಕ್ಕೂ ಮೊದಲು ಇನ್ನೊಮ್ಮೆ ಲೈನಿನಲ್ಲಿ ಕೂತು ಓದಿ ಹೇಳಬೇಕು. ಅಷ್ಟರೊಳಗೆ ನಿಮ್ಮ ಉತ್ತರ ಬಂದರೆ ಕರಡು ತಿದ್ದಿಕೊಂಡು ಹೋಗುತ್ತೇನೆ.