ಹಬ್ಬಗಳ ಇತಿಹಾಸ ಬರೆದ ಆ ಲೈಬ್ರೇರಿಯನ್ ಯಾರು?

ಪ್ರಶ್ನೆ (ಹಳೆಪುಟ): ಅಮೆರಿಕದ ಒಬ್ಬ ಲೈಬ್ರೇರಿಯನ್ ರಜಾದಿನಗಳ ಬಗ್ಗೆ ಪುಸ್ತಕ ಬರೆದಿದ್ದರಂತೆ. ಹೆಸರು ನೆನಪಾಗ್ತಿಲ್ಲ. ಅವರ ಬದುಕಿನ ಬಗ್ಗೆ ಯಾರಿಗಾದರೂ ಗೊತ್ತಾ?

ಉತ್ತರ (ಕಪಾಟು): ಮೇರಿ ಎಮೊಜಿನ್ ಹೇಝಲ್ಟೈನ್ ಇರಬೇಕು. ಹುಟ್ಟಿದ್ದು 1868ರಲ್ಲಿ, ನ್ಯೂಯಾರ್ಕ್ ರಾಜ್ಯದ ಜೇಮ್ಸ್‌ಟೌನ್‌ನಲ್ಲಿ. ಅಲ್ಲಿನ ಪ್ರೆಂಡರ್‌ಗಾಸ್ಟ್ ಲೈಬ್ರರಿ ನಡೆಸುತ್ತಿದ್ದರು. 1906ರಲ್ಲಿ ವಿಸ್ಕಾನ್ಸಿನ್‌ನ ಮ್ಯಾಡಿಸನ್‌ಗೆ ಹೋಗಿ ಲೈಬ್ರರಿ ಸ್ಕೂಲಿನ (ಲೈಬ್ರೇರಿಯನ್‌ಗಳಿಗೆ ತರಬೇತಿ ಕೊಡುವ ಶಾಲೆ) ಹೊಣೆ ಹೊತ್ತರು. ಬಿಟ್ಟಿದ್ದು 1938ರಲ್ಲಿ! ನೀವು ಕೇಳಿದ ಪುಸ್ತಕ 'ಆ್ಯನಿವರ್ಸರೀಸ್ ಆ್ಯಂಡ್ ಹಾಲಿಡೇಸ್' ಬಂದಿದ್ದು 1928ರಲ್ಲಿ. ನಾನೂ ಲೈಬ್ರರಿಯಲ್ಲಿ ಕೆಲಸ ಮಾಡಿದವಳು. ಹಬ್ಬದ ಹಿಂದಿನ ವಾರ ಟೀಚರ್‌ಗಳು ಓಡಿಬಂದು 'ಏನಾದ್ರೂ ಕೊಡಿ' ಅನ್ನುವುದು ನನಗೆ ಚೆನ್ನಾಗಿ ಗೊತ್ತು. ಹಾಗಾಗಿ ಈ ಪುಸ್ತಕದ ಬೆಲೆ ನನಗೆ ಬೇಗ ಅರ್ಥವಾಗುತ್ತದೆ. ತಾರೀಖಿನ ಪ್ರಕಾರ ದಿನಗಳು, ಆಚರಿಸಲು ಏನು ಓದಬಹುದು ಅನ್ನುವ ಸೂಚನೆ. ಸುಮ್ನೆ ಓದೋಕೆ ಅಲ್ಲ, ಮೇಜಿನ ಮೇಲೆ ಇಟ್ಟುಕೊಳ್ಳೋಕೆ.

ಉತ್ತರ (ಮಸಿಬಾಟಲಿ): ಹಾಗಾದರೆ ಇದು ಇತಿಹಾಸ ಅಲ್ಲ, ಪಟ್ಟಿ ಅಷ್ಟೇ ಅಲ್ವಾ?

ಉತ್ತರ (ಕಪಾಟು): ಪಟ್ಟಿ ಅಂದರೆ ಕಡಿಮೆಯೇನಲ್ಲ ಮಾರಾಯರೆ. ಯಾವ ದಿನ ಬಿಡಬೇಕು, ಯಾವುದು ಸೇರಬೇಕು ಅನ್ನುವುದೇ ದೊಡ್ಡ ತೀರ್ಮಾನ. 1944ರಲ್ಲಿ ಪರಿಷ್ಕೃತ ಆವೃತ್ತಿ ಬಂತು. ಅವರು ತೀರಿಕೊಂಡ ಮೇಲೆ ರೂತ್ ಗ್ರೆಗರಿ ಎಂಬ ಇನ್ನೊಬ್ಬ ಲೈಬ್ರೇರಿಯನ್ ಅದನ್ನು ಮುಂದುವರಿಸಿದರು. ಅವರು ಇಲಿನಾಯ್‌ನ ವಾಕೀಗನ್‌ನವರು.

ಉತ್ತರ (ಹಳೆಪುಟ): ಇವರೇ! ಥ್ಯಾಂಕ್ಸ್. ಹಳೆ ಆವೃತ್ತಿ ಹುಡುಕ್ತೀನಿ.