ಅಸಂಡರ್ ಅಂದ್ರೆ ಸೇರ್ಸೋದಾ ಅಗಲ್ಸೋದಾ?

ಕಾಳಿತೀರ: ನಿನ್ನೆ ಕಾರವಾರದಲ್ಲಿ ದೋಸ್ತನ ತಂಗಿ ಮದುವೆ ಇತ್ತು, ಚರ್ಚಲ್ಲಿ. ಹುಡ್ಗನ ಕಡೆಯವ್ರಿಗೆ ಕೊಂಕಣಿ ಬರೂದಿಲ್ಲ ಅಂತ ಪಾದ್ರಿ ಇಂಗ್ಲಿಷಲ್ಲೇ ಹೇಳಿದ್ರು, ದೇವ್ರು ಕೂಡ್ಸಿದ್ದನ್ನ ಯಾರೂ 'ಪುಟ್ ಅಸಂಡರ್' ಮಾಡ್ಬಾರ್ದು ಅಂತ. ಮೊಬೈಲಲ್ಲಿ ನೋಡಿದ್ರೆ ಸಂಡರ್ ಅಂದ್ರೆ ಬೇರೆ ಮಾಡೋದು. ಮತ್ತೆ ಅದ್ರ ಮುಂದೆ 'ಅ' ಬಂದ್ರೆ ಉಲ್ಟಾ ಆಗ್ಬೇಕಲ್ದಾ, ಸತ್ಯ ಅಸತ್ಯ ಇದ್ದ ಹಾಗೆ? ಹಾಗಾದ್ರೆ ಪಾದ್ರಿ 'ಯಾರೂ ಇವ್ರನ್ನ ಸೇರ್ಸ್ಬೇಡಿ' ಅಂದ ಹಾಗಾಯ್ತಲ್ಲ ಮಾರಾಯ್ರೆ! ಪಕ್ಕದವ್ನ ಕೇಳಿದ್ರೆ ಊಟ ಎಷ್ಟೊತ್ತಿಗೆ ಅಂತಾನೆ.

ಹಳೇ_ಮೇಷ್ಟ್ರು: ಆ 'ಅ' ನಮ್ಮ ಅಸತ್ಯದ 'ಅ' ಅಲ್ಲ ತಮಾ. ಅದು 'ಆನ್' ಅನ್ನೋದು ಸವೆದು ಉಳ್ದಿದ್ದು. ಬೋಟು ಅಶೋರ್ ಬಂತು, ಜನ ಅಬೋರ್ಡ್ ಹತ್ತಿದ್ರು ಅಂತಾರಲ್ಲ, ಅದೇ 'ಅ'. ಅಶೋರ್ ಅಂದ್ರೆ ದಡ ಇಲ್ಲ ಅಂತ ಯಾರಾದ್ರೂ ಅರ್ಥ ಮಾಡ್ತಾರಾ? ಹಳೇ ಇಂಗ್ಲಿಷಲ್ಲಿ 'ಆನ್ ಸುಂದ್ರನ್' ಅಂತಿತ್ತು, ಬೇರೆಯಾಗಿ, ಪ್ರತ್ಯೇಕವಾಗಿ ಅಂತ. ಪಾದ್ರಿ ಹೇಳಿದ್ದು ಮತ್ತಾಯನ ಸುವಾರ್ತೆ 19ನೇ ಅಧ್ಯಾಯದ ಮಾತು, 1611ರ ಕಿಂಗ್ ಜೇಮ್ಸ್ ಬೈಬಲಲ್ಲೂ ಇದೇ ಶಬ್ದ ಇದೆ. ದಿನದ ಮಾತಲ್ಲಿ ಈಗ ಅಪರೂಪ, ಮದುವೆಯಂಥ ಕಡೆ ಜೀವ ಇಟ್ಕೊಂಡದೆ.

ಕಡಲಗಾಳಿ: ಸುಂದರ ಇಂದ ಬಂದಿದ್ದಾ 😀

ಹಳೇ_ಮೇಷ್ಟ್ರು: ಅಲ್ಲ.

ಶಿರಸಿ_ಲೆಕ್ಕದವ: ನಾನು ದಿನಾ ಟ್ಯಾಲಿ ಅನ್ನೋ ಲೆಕ್ಕದ ಸಾಫ್ಟ್‌ವೇರಲ್ಲಿ ಬರಿಯೂದು ಸಂಡ್ರಿ ಡೆಟರ್ಸ್ (ನಮ್ಗೆ ಬಾಕಿ ಕೊಡ್ಬೇಕಾದವ್ರು), ಸಂಡ್ರಿ ಕ್ರೆಡಿಟರ್ಸ್ (ನಾವು ಕೊಡ್ಬೇಕಾದವ್ರು), ಆ ಸಂಡ್ರಿನೂ ಇದೇ ಬುಡದ್ದು! ಮೊದ್ಲು ಸಂಡ್ರಿ ಅಂದ್ರೆ ಪ್ರತ್ಯೇಕ, ಆಮೇಲೆ ನಾನಾ ಥರದ್ದು ಅಂತಾಯ್ತು. ವಿಚಿತ್ರ ಅನ್ಸೂದಿಲ್ಲ ಎಂತಕ್ಕೆ ಅಂದ್ರೆ ನಮ್ಮ 'ಬೇರೆ ಬೇರೆ'ನೂ ಹಾಗೇ ಅಲ್ದಾ. ಚಾಲಿ ಅಡಿಕೆ ಸುಲ್ದ ಮೇಲೆ ಅಂಗಳದಲ್ಲಿ ಕೂತು ದರ್ಜೆ ನೋಡಿ ಬಿಳೆಗೋಟು ಒಂದ್ಕಡೆ ಕೋಕ ಒಂದ್ಕಡೆ ಆರ್ಸಿ ಹಾಕ್ತೇವೆ, ಅದು ಬೇರೆ ಬೇರೆ ಮಾಡೂದು, ಅದ್ನೇ ಮಂಡಿಗೆ ಒಯ್ದ್ರೆ ಬೇರೆ ಬೇರೆ ನಮೂನೆ ಮಾಲು ಅಂತೇವೆ. ಆಸ್ಟ್ರೇಲಿಯಾದವ್ರು ಕ್ರಿಕೆಟಲ್ಲಿ ಎಕ್ಸ್‌ಟ್ರಾಸಿಗೆ ಸಂಡ್ರೀಸ್ ಅಂತಾರೆ, ಅದೂ ಹೀಗೇ, ಬ್ಯಾಟ್ಸ್‌ಮನ್ ಲೆಕ್ಕಕ್ಕೆ ಸೇರ್ದೆ ಬೇರೆ ಉಳ್ದ ರನ್ನು.

ಗೋಕರ್ಣದ_ಹುಡ್ಗಿ: ಜರ್ಮನ್ ಕ್ಲಾಸಲ್ಲಿ 'ಜೊಂಡರ್ನ್' ಅಂತ ಕಲ್ತಿದ್ದೆ, 'ಕಾಫಿ ಅಲ್ಲ, ಬದ್ಲಿಗೆ ಚಾ' ಅನ್ನೂವಾಗ ಆ 'ಬದ್ಲಿಗೆ' ಜಾಗದಲ್ಲಿ ಬರೋದು. ಇದ್ರದ್ದೇ ನೆಂಟ ಅದು.

ಕಾಳಿತೀರ: ಹಾಗಾದ್ರೆ ಮದುವೆ ಗಟ್ಟಿ. ದೋಸ್ತನಿಗೆ 'ನಿನ್ ತಂಗಿ ಮದುವೆ ಮಂತ್ರ ತಪ್ಪಾಗದೆ' ಅಂತ ನಿನ್ನೆ ರಾತ್ರಿನೇ ಮೆಸೇಜ್ ಹಾಕ್ಬಿಟ್ಟಿದ್ದೆ, ಬ್ಲೂ ಟಿಕ್ ಬಂದದೆ, ರಿಪ್ಲೈ ಇಲ್ಲ.