ಎರಡು ಕಂಪ್ಯೂಟರ್, ಒಂದೇ ಆಟ: ಸೆಟ್ಟಿಂಗ್ಸ್ ಒಯ್ಯೋದು ಹೇಗೆ?

ಪ್ರಶ್ನೆ (ಹುಬ್ಬಳ್ಳಿಯ ವಿದ್ಯಾರ್ಥಿ):
ಸರ್, ನಮಸ್ಕಾರ. ನಾನು ಇಂಜಿನಿಯರಿಂಗ್ ಮೂರನೇ ವರ್ಷ. ಹಾಸ್ಟೆಲ್‌ನಲ್ಲಿ ಲ್ಯಾಪ್‌ಟಾಪ್ ಇದೆ, ಶಿರಸಿಯ ಮನೆಯಲ್ಲಿ ಡೆಸ್ಕ್‌ಟಾಪ್ ಇದೆ. ಕೌಂಟರ್ ಸ್ಟ್ರೈಕ್ 2, ವಿಚರ್ 3, ಮೈನ್‌ಕ್ರಾಫ್ಟ್ ಜಾವಾ, ಈ ಮೂರನ್ನೂ ಎರಡೂ ಕಡೆ ಆಡುತ್ತೇನೆ. ದೀಪಾವಳಿ ರಜೆ ಮುಗಿಸಿ ಬರುವಾಗ ವಿಚರ್‌ನ ಇಡೀ ಫೋಲ್ಡರನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಬಂದು ಲ್ಯಾಪ್‌ಟಾಪ್‌ನಲ್ಲಿ ಪೇಸ್ಟ್ ಮಾಡಿದೆ. ರಿಪ್ಲೇಸ್ ಮಾಡಲಾ ಅಂತ ಕೇಳಿತು, ಹೂಂ ಅಂದೆ. ಈಗ ಆಟ ತೆರೆದರೆ ಫ್ಯಾನ್ ಕಿರುಚುತ್ತದೆ, ಚಿತ್ರ ತಡವರಿಸುತ್ತದೆ. ಲ್ಯಾಪ್‌ಟಾಪ್‌ನಲ್ಲಿದ್ದ ಕ್ವಿಕ್‌ಸೇವ್ ಕೂಡ ಹೋಯಿತು. ಕೌಂಟರ್ ಸ್ಟ್ರೈಕ್‌ದು ಇನ್ನೊಂದು ಕಥೆ. ಎರಡೂ ಕಡೆ ಮೌಸ್ ಸೆನ್ಸಿಟಿವಿಟಿ 1 ಅಂತಲೇ ಇದೆ, ಆದರೂ ಲ್ಯಾಪ್‌ಟಾಪ್‌ನಲ್ಲಿ ಕೈ ಸ್ವಲ್ಪ ಆಡಿಸಿದರೆ ಗನ್ ಎಲ್ಲಿಗೋ ತಿರುಗುತ್ತದೆ. ಎಲ್ಲಾ ಒಂದೇ ಥರ ಇರೋ ಹಾಗೆ ಮಾಡೋಕೆ ಏನು ಮಾಡಬೇಕು?

ಉತ್ತರ:
'ಎಲ್ಲಾ ಒಂದೇ ಥರ' ಅನ್ನೋ ಆಸೆಯಿಂದಲೇ ನಿಮ್ಮ ಫ್ಯಾನ್ ಕಿರುಚುತ್ತಿರೋದು.

ನಾನು ಮೈಸೂರಿನಲ್ಲಿ ಒಂದು ಗೇಮಿಂಗ್ ಕೆಫೆಯ ಮಷೀನುಗಳನ್ನು ನೋಡಿಕೊಳ್ಳುತ್ತೇನೆ. ನಮ್ಮಲ್ಲಿ ರೀಸ್ಟಾರ್ಟ್ ಮಾಡಿದ ತಕ್ಷಣ ಕಂಪ್ಯೂಟರ್ ಮೊದಲಿನ ಸ್ಥಿತಿಗೆ ಮರಳುತ್ತದೆ. ಗಿರಾಕಿ ಏನೇ ಬದಲಿಸಿದ್ದರೂ ಅಳಿಸಿಹೋಗುತ್ತದೆ. ಹಾಗಾಗಿ ದಿನಾ ಬರುವ ಹುಡುಗರು ತಮ್ಮ ಸೆಟ್ಟಿಂಗ್ಸನ್ನು ಜೇಬಿನಲ್ಲೇ ಇಟ್ಟುಕೊಂಡು ಓಡಾಡುತ್ತಾರೆ. ಅವರು ತರೋದು ಕೀ ಬೈಂಡ್ (ಯಾವ ಕೀಗೆ ಯಾವ ಕೆಲಸ), ಕ್ರಾಸ್‌ಹೇರ್ (ಗುರಿಯ ಗುರುತು), ಸೆನ್ಸಿಟಿವಿಟಿ, ಅಷ್ಟೇ. ರೆಸಲ್ಯೂಶನ್ ಹೊತ್ತು ತರುವವರನ್ನು ನಾನು ಕಂಡಿಲ್ಲ.

ಯಾಕೆಂದರೆ ಸೆಟ್ಟಿಂಗ್ಸ್‌ನಲ್ಲಿ ಎರಡು ಜಾತಿ. ಒಂದು ಕೈಯದು, ಇನ್ನೊಂದು ಮಷೀನಿನದು. ಯಾವ ಕೀ ಒತ್ತಿದರೆ ಹಾರಬೇಕು ಅನ್ನೋದು ಕೈಗೆ ಸೇರಿದ್ದು, ನೀವು ಹೋದಲ್ಲಿಗೆ ಅದೂ ಬರಬೇಕು. ಎಷ್ಟು ಪಿಕ್ಸೆಲ್, ನೆರಳು ಎಷ್ಟು ಗಾಢ, ಎಷ್ಟು ಹರ್ಟ್ಜ್ ಅನ್ನೋದು ಗ್ರಾಫಿಕ್ಸ್ ಕಾರ್ಡ್ ಮತ್ತು ಪರದೆಗೆ ಸೇರಿದ್ದು. ಅದು ಇದ್ದಲ್ಲೇ ಇರಬೇಕು.

ವಿಚರ್‌ನಲ್ಲಿ ಇವೆರಡೂ ಬೇರೆ ಬೇರೆ ಫೈಲ್‌ನಲ್ಲಿವೆ, ನಿಮ್ಮ ಪುಣ್ಯ. ಡಾಕ್ಯುಮೆಂಟ್ಸ್ ಒಳಗೆ 'ದಿ ವಿಚರ್ 3' ಫೋಲ್ಡರ್ ತೆರೆಯಿರಿ. 'ಇನ್‌ಪುಟ್ ಡಾಟ್ ಸೆಟ್ಟಿಂಗ್ಸ್' ಅಂತ ಒಂದಿದೆ, ಅದರಲ್ಲಿ ಕೀಗಳಿವೆ. 'ಯೂಸರ್ ಡಾಟ್ ಸೆಟ್ಟಿಂಗ್ಸ್' ಅಂತ ಇನ್ನೊಂದು, ಗ್ರಾಫಿಕ್ಸ್ ಅದರಲ್ಲಿದೆ. 2022ರ ಡಿಸೆಂಬರ್‌ನಲ್ಲಿ ಬಂದ ದೊಡ್ಡ ಅಪ್‌ಡೇಟ್ ಆದ ಮೇಲೆ ಡೈರೆಕ್ಟ್‌ಎಕ್ಸ್ 12ರಲ್ಲಿ ಆಡುವವರಿಗೆ ಅದೇ ಹೆಸರಿನ ಮುಂದೆ 'ಡಿಎಕ್ಸ್12' ಸೇರಿದ ಮತ್ತೊಂದು ಫೈಲ್ ಇರುತ್ತದೆ. ಆಟ ಮುಚ್ಚಿ. ಲ್ಯಾಪ್‌ಟಾಪ್‌ನಲ್ಲಿ ಈ ಯೂಸರ್ ಫೈಲ್‌ಗಳ ಹೆಸರಿನ ಕೊನೆಗೆ 'ಹಳೆಯದು' ಅಂತ ಸೇರಿಸಿ. ಅಳಿಸಬೇಡಿ, ಹೆಸರು ಬದಲಿಸಿದರೆ ಸಾಕು. ಆಟ ತನ್ನ ಫೈಲ್ ಕಾಣದೆ ಹೊಸದೊಂದನ್ನು ತಾನೇ ಬರೆದುಕೊಳ್ಳುತ್ತದೆ.

ಕ್ವಿಕ್‌ಸೇವ್ ಬಗ್ಗೆ: ರಿಪ್ಲೇಸ್ ಅಂದಾಗ ಹೆಸರು ಒಂದೇ ಇದ್ದ ಫೈಲ್ ಮಾತ್ರ ಹೋಗುತ್ತದೆ. 'ಗೇಮ್‌ಸೇವ್ಸ್' ಫೋಲ್ಡರನ್ನು ದಿನಾಂಕದ ಪ್ರಕಾರ ಜೋಡಿಸಿ ನೋಡಿ. ಬೇರೆ ಹೆಸರಿನ ಆಟೋಸೇವ್ ಅಥವಾ ಚೆಕ್‌ಪಾಯಿಂಟ್ ಅಲ್ಲೇ ಕೂತಿರಬಹುದು. ಅರ್ಧ ಗಂಟೆ ಹಿಂದಿನದು ಸಿಕ್ಕಿದರೂ ಲಾಭವೇ ಅಲ್ವಾ?

ಇನ್ನು ಕೌಂಟರ್ ಸ್ಟ್ರೈಕ್. ನಿಮ್ಮ ಸೆಟ್ಟಿಂಗ್ಸ್ ಸರಿಯಾಗೇ ಬಂದಿದೆ. ತೊಂದರೆ ಮೌಸ್‌ನದು. ಈ ಆಟದಲ್ಲಿ ಸೆನ್ಸಿಟಿವಿಟಿ 1 ಇದ್ದಾಗ ಮೌಸ್ ಕಳಿಸುವ ಒಂದೊಂದು ಎಣಿಕೆಗೆ ನೋಟ 0.022 ಡಿಗ್ರಿ ತಿರುಗುತ್ತದೆ. ಪೂರ್ತಿ ಒಂದು ಸುತ್ತಿಗೆ 360 ಡಿಗ್ರಿ, ಅಂದರೆ ಸುಮಾರು 16,364 ಎಣಿಕೆ ಬೇಕು. ಮೌಸ್ 800 ಡಿಪಿಐ ಇದ್ದರೆ ಇಂಚಿಗೆ 800 ಎಣಿಕೆ. ಒಂದು ಸುತ್ತಿಗೆ ಕೈ ಸುಮಾರು 52 ಸೆಂ.ಮೀ. ಓಡಬೇಕು. 1600 ಡಿಪಿಐ ಆದರೆ 26 ಸೆಂ.ಮೀ. ಸಾಕು. ಎರಡೂ ಕಡೆ ಪರದೆಯಲ್ಲಿ ಕಾಣೋದು 1 ಅಂತಲೇ.

ಒಂದು ಸ್ಕೇಲ್ ತಗೊಳ್ಳಿ. ಮೌಸ್‌ಪ್ಯಾಡ್ ಮೇಲಿಡಿ. ಗೋಡೆಯ ಒಂದು ಮೂಲೆಗೆ ಗುರಿ ಇಟ್ಟು, ಮತ್ತೆ ಅದೇ ಮೂಲೆ ಬರುವ ತನಕ ಮೌಸನ್ನು ಒಂದೇ ದಿಕ್ಕಿಗೆ ಎಳೆಯಿರಿ. ಎಷ್ಟು ಬಂತು ಅಂತ ಹೇಳಿ.

ಮತ್ತೆ ಒಂದು ಎಚ್ಚರಿಕೆ. ಲ್ಯಾಪ್‌ಟಾಪ್‌ನಲ್ಲಿ ಜಾಸ್ತಿ ತಿರುಗುತ್ತಿದೆ ಅಂತ ಆಟದೊಳಗೆ ಸೆನ್ಸಿಟಿವಿಟಿಯನ್ನು 0.5 ಮಾಡಬೇಡಿ. ಆಟದ ಫೈಲ್‌ಗಳನ್ನು ಇಂಟರ್ನೆಟ್ ಮೂಲಕ ನಿಮ್ಮ ಎಲ್ಲಾ ಮಷೀನಿಗೂ ತಲುಪಿಸುವ ಸ್ಟೀಮ್ ಕ್ಲೌಡ್ ಆ 0.5ನ್ನು ಶಿರಸಿಗೂ ಒಯ್ದು ಹಾಕುತ್ತದೆ. ಆಗ ಮನೆಯಲ್ಲಿ ಒಂದು ಸುತ್ತಿಗೆ ಒಂದು ಮೀಟರ್ ಎಳೆಯಬೇಕಾಗುತ್ತದೆ. ಮೌಸ್‌ನ ಡಿಪಿಐಯನ್ನೇ ಸರಿ ಮಾಡಿ.

ಅದೇ ವಿದ್ಯಾರ್ಥಿ:
ಸ್ಟೀಮ್ ಕ್ಲೌಡ್ ಇದೆ ಅಂದಮೇಲೆ ನಾವೇ ಫೈಲ್ ಹೊತ್ತು ಓಡಾಡೋದು, ಬ್ಯಾಕಪ್ ಇಡೋದು ಯಾಕೆ ಸರ್? ಎಲ್ಲಾ ಅದೇ ನೋಡಿಕೊಳ್ಳೋದಿಲ್ವಾ?

ಉತ್ತರ:
ಎಲ್ಲಾ ನೋಡಿಕೊಳ್ಳೋದಿಲ್ಲ. ಯಾವ ಫೈಲ್ ಕ್ಲೌಡ್‌ಗೆ ಹೋಗಬೇಕು ಅಂತ ತೀರ್ಮಾನಿಸೋದು ಆಯಾ ಆಟ ಮಾಡಿದವರು. ಕೆಲವರು ಸೇವ್ ಮಾತ್ರ ಕಳಿಸುತ್ತಾರೆ, ಕೆಲವರು ಸೆಟ್ಟಿಂಗ್ಸನ್ನೂ ಕಳಿಸುತ್ತಾರೆ, ಕೆಲವರು ಏನೂ ಕಳಿಸೋದಿಲ್ಲ.

ಕೌಂಟರ್ ಸ್ಟ್ರೈಕ್‌ನಲ್ಲೇ ನೋಡಿ. ಕೀ, ಕ್ರಾಸ್‌ಹೇರ್ ಅಕೌಂಟ್ ಜೊತೆ ಬರುತ್ತವೆ. ವಿಡಿಯೋ ಸೆಟ್ಟಿಂಗ್ಸ್ ಮಷೀನಿನಲ್ಲೇ ಉಳಿಯುತ್ತದೆ, ಅದು ಸರಿಯೇ. ಆದರೆ ಆಟಕ್ಕೆ ಕೊಡುವ ಕಮಾಂಡ್‌ಗಳನ್ನು ನೀವು ಕೈಯಾರೆ ಬರೆದಿಟ್ಟ 'ಆಟೋಎಕ್ಸೆಕ್' ಫೈಲ್ ಇದೆಯಲ್ಲ, ಅದು ಆಟವನ್ನು ಇನ್‌ಸ್ಟಾಲ್ ಮಾಡಿದ ಫೋಲ್ಡರ್‌ನಲ್ಲಿ ಇರುತ್ತದೆ. ಅದು ಎಲ್ಲಿಗೂ ಹೋಗೋದಿಲ್ಲ. ವಿಂಡೋಸ್ ಫಾರ್ಮ್ಯಾಟ್ ಮಾಡಿದ ದಿನ ಅದೂ ಹೋಯಿತು. (ಹುಡುಕುವಾಗ ಗಲಿಬಿಲಿ ಬೇಡ. ಆಟದ ಹೆಸರು 2023ರ ಸೆಪ್ಟೆಂಬರ್‌ನಲ್ಲೇ ಬದಲಾದರೂ ಫೋಲ್ಡರ್ ಹೆಸರು ಇವತ್ತಿಗೂ 'ಗ್ಲೋಬಲ್ ಅಫೆನ್ಸಿವ್' ಅಂತಲೇ ಇದೆ.)

ಮೈನ್‌ಕ್ರಾಫ್ಟ್ ಜಾವಾಕ್ಕೆ ಕ್ಲೌಡ್ ಸಿಂಕ್ ಇಲ್ಲವೇ ಇಲ್ಲ. ಆಪ್‌ಡೇಟಾ, ರೋಮಿಂಗ್, ಅದರೊಳಗೆ ಚುಕ್ಕೆಯಿಂದ ಶುರುವಾಗುವ ಮೈನ್‌ಕ್ರಾಫ್ಟ್ ಫೋಲ್ಡರ್. ಅಲ್ಲಿ 'ಆಪ್ಷನ್ಸ್' ಅನ್ನೋ ಟೆಕ್ಸ್ಟ್ ಫೈಲ್ ಇದೆ, ನೋಟ್‌ಪ್ಯಾಡ್‌ನಲ್ಲೇ ತೆರೆಯುತ್ತದೆ. ಇಲ್ಲಿ ಮಾತ್ರ ಕೈಯದೂ ಮಷೀನಿನದೂ ಒಂದೇ ಫೈಲ್‌ನಲ್ಲಿ ಕಲಸಿಕೊಂಡಿವೆ. 'ಕೀ' ಅಂತ ಶುರುವಾಗುವ ಸಾಲುಗಳನ್ನೂ ಮೌಸ್ ಸೆನ್ಸಿಟಿವಿಟಿ ಸಾಲನ್ನೂ ಮಾತ್ರ ಒಯ್ಯಿರಿ. ಎಷ್ಟು ದೂರದ ತನಕ ಲೋಕ ಕಾಣಬೇಕು ಅನ್ನೋ ರೆಂಡರ್ ಡಿಸ್ಟೆನ್ಸ್ ಸಾಲನ್ನು ಮುಟ್ಟಬೇಡಿ, ಇಲ್ಲದಿದ್ದರೆ ಮತ್ತೆ ಫ್ಯಾನ್ ಪುರಾಣ.

ಬೆಂಗಳೂರಿನ ಸದಸ್ಯರು:
ಇಷ್ಟೆಲ್ಲಾ ಯಾಕೆ? ಕಂಪ್ಯೂಟರ್‌ಗಳ ನಡುವೆ ಫೈಲ್‌ಗಳನ್ನು ಒಂದೇ ಥರ ಇಡುವ ಸಿಂಕ್‌ಥಿಂಗ್ ಹಾಕಿದರೆ ತಾನಾಗೇ ಆಗುತ್ತದೆ. ಉಚಿತ, ಓಪನ್ ಸೋರ್ಸ್, ಯಾರ ಸರ್ವರ್‌ನಲ್ಲೂ ಫೈಲ್ ಕೂರೋದಿಲ್ಲ.

ಉತ್ತರ:
ಒಳ್ಳೇ ಸಾಧನ, ನಾನೂ ಬಳಸುತ್ತೇನೆ. ಆದರೆ ನಿಮ್ಮ ಕೊನೇ ಮಾತೇ ಈ ಹುಡುಗನಿಗೆ ತೊಡಕು. ನಡುವೆ ಫೈಲ್ ಇಟ್ಟುಕೊಳ್ಳುವ ಸರ್ವರ್ ಇಲ್ಲ ಅಂದಮೇಲೆ ಎರಡೂ ಕಂಪ್ಯೂಟರ್ ಒಂದೇ ಹೊತ್ತಿಗೆ ಆನ್ ಆಗಿರಬೇಕು. ಇವರು ಹುಬ್ಬಳ್ಳಿಯಲ್ಲಿ ಆಡುವಾಗ ಶಿರಸಿಯ ಡೆಸ್ಕ್‌ಟಾಪ್ ಮೇಲೆ ಬಟ್ಟೆ ಹೊದಿಸಿರುತ್ತಾರೆ. ನಡುವೆ ಸದಾ ಆನ್ ಇರುವ ಮೂರನೇ ಮಷೀನ್ ಒಂದಿದ್ದರೆ ಸರಿ. ಹಾಸ್ಟೆಲ್ ಹುಡುಗನಿಗೆ ಅದೆಲ್ಲಿಂದ ಬರಬೇಕು?

ಇನ್ನೊಂದು ಮಾತು. ಸಿಂಕ್ ಬೇರೆ, ಬ್ಯಾಕಪ್ ಬೇರೆ. ಇಲ್ಲಿ ಅಳಿಸಿದ್ದನ್ನು ಅಲ್ಲೂ ಅಳಿಸೋದು ಸಿಂಕ್‌ನ ಧರ್ಮ. ಇಲ್ಲಿ ಕೆಟ್ಟ ಫೈಲ್ ಅಲ್ಲಿಗೂ ಕೆಟ್ಟೇ ಹೋಗುತ್ತದೆ. ಸಿಂಕ್‌ಥಿಂಗ್‌ನಲ್ಲಿ ಹಳೆಯ ಪ್ರತಿಗಳನ್ನು ಇಟ್ಟುಕೊಳ್ಳುವ ಫೈಲ್ ವರ್ಷನಿಂಗ್ ಇದೆ, ಆದರೆ ಅದನ್ನು ನೀವೇ ಆನ್ ಮಾಡಬೇಕು. ಮೈನ್‌ಕ್ರಾಫ್ಟ್ ಲೋಕವನ್ನು ಆಟ ನಡೆಯುವಾಗ ಸಿಂಕ್‌ಗೆ ಬಿಡಲೇಬೇಡಿ. ಒಂದು ಲೋಕ ಅಂದರೆ ಹತ್ತಾರು ಫೈಲ್. ಅರ್ಧ ಹೊಸದು ಅರ್ಧ ಹಳೆಯದು ಸೇರಿದರೆ ಮನೆಯ ಒಂದು ಗೋಡೆ ಇರುತ್ತದೆ, ಇನ್ನೊಂದು ಇರೋದಿಲ್ಲ.

ನಾನೂ ಒಮ್ಮೆ ಜಾಣತನ ತೋರಿಸಲು ಹೋಗಿದ್ದೆ. ಸೆಟ್ಟಿಂಗ್ಸ್ ಫೋಲ್ಡರನ್ನು ಪೆನ್‌ಡ್ರೈವ್‌ನಲ್ಲಿಟ್ಟು, ಎಂಕೆಲಿಂಕ್ ಕಮಾಂಡ್ ಕೊಟ್ಟು ಹಳೇ ಜಾಗದಿಂದ ಅಲ್ಲಿಗೆ ಕೊಂಡಿ ಹಾಕಿದ್ದೆ. ಆಟಕ್ಕೆ ವ್ಯತ್ಯಾಸವೇ ತಿಳಿಯೋದಿಲ್ಲ, ಚೆನ್ನಾಗಿ ನಡೆಯಿತು. ಒಂದು ದಿನ ಆಟದ ನಡುವೆ ಮೊಣಕೈ ತಗುಲಿ ಪೆನ್‌ಡ್ರೈವ್ ಕಳಚಿತು. ಮತ್ತೆ ಸಿಕ್ಕಿಸಿ ನೋಡಿದರೆ ನಾಲ್ಕು ವರ್ಷ ತಿದ್ದಿದ್ದ ಫೈಲ್ ಸೊನ್ನೆ ಬೈಟ್. ಬ್ಯಾಕಪ್? ಅದೂ ಅದೇ ಪೆನ್‌ಡ್ರೈವ್‌ನಲ್ಲಿತ್ತು.

ಈಗ ತಿಂಗಳಿಗೊಮ್ಮೆ ಎಲ್ಲಾ ಆಟಗಳ ಕೈಯ ಸೆಟ್ಟಿಂಗ್ಸನ್ನು ಒಂದು ಜಿಪ್ ಮಾಡಿ, ಹೆಸರಲ್ಲಿ ದಿನಾಂಕ ಹಾಕಿ ನನಗೆ ನಾನೇ ಇಮೇಲ್ ಮಾಡಿಕೊಳ್ಳುತ್ತೇನೆ. ಬರೀ ಅಕ್ಷರಗಳ ಫೈಲ್ ಅಲ್ವಾ, ಒಂದು ಫೋಟೋದಷ್ಟೂ ತೂಕ ಇರೋದಿಲ್ಲ.

ದಾವಣಗೆರೆಯ ಸದಸ್ಯರು:
ನನ್ನ ಡಾಕ್ಯುಮೆಂಟ್ಸ್ ಫೋಲ್ಡರ್ ಒನ್‌ಡ್ರೈವ್ ಒಳಗೆ ಇದೆ. ಹಾಗಾದರೆ ನನ್ನ ವಿಚರ್ ಬ್ಯಾಕಪ್ ಆಗಿದೆ ಅಂತ ಅಂದುಕೊಳ್ಳಬಹುದಾ?

ಉತ್ತರ:
ಒಂದೇ ಕಂಪ್ಯೂಟರ್ ಇದ್ದರೆ ಅಂದುಕೊಳ್ಳಬಹುದು, ಉಚಿತ 5 ಜಿಬಿ ತುಂಬುವ ತನಕ. ಎರಡು ಕಂಪ್ಯೂಟರ್‌ನಲ್ಲೂ ಅದೇ ಅಕೌಂಟ್, ಅದೇ ಏರ್ಪಾಡು ಇದ್ದರೆ ಗ್ರಾಫಿಕ್ಸ್ ಫೈಲ್ ಕೂಡ ಓಡಾಡುತ್ತದೆ. ಹುಬ್ಬಳ್ಳಿಯವರು ಪೆನ್‌ಡ್ರೈವ್‌ನಲ್ಲಿ ಮಾಡಿದ್ದು ನಿಮಗೆ ಸುಮ್ನೆ ಕೂತಲ್ಲೇ ಆಗುತ್ತದೆ. ಆಡುವಾಗ ಅರ್ಧ ಬರೆದ ಫೈಲ್ ಹೋಗದಿರಲಿ ಅಂತ ಮೊದಲು ಸಿಂಕನ್ನು ತಾತ್ಕಾಲಿಕವಾಗಿ ನಿಲ್ಲಿಸಿ, ಮುಗಿದ ಮೇಲೆ ಮತ್ತೆ ಬಿಡಿ. ಆದರೆ ಗ್ರಾಫಿಕ್ಸ್ ಫೈಲ್‌ನ ಓಡಾಟ ಇದರಿಂದ ನಿಲ್ಲೋದಿಲ್ಲ.

ಮಂಡ್ಯದ ಸದಸ್ಯೆ:
ಸರ್, ನನಗೆ ಆಟದ ಗಂಧಗಾಳಿ ಇಲ್ಲ. ಮಗನ ಹಳೇ ಕಂಪ್ಯೂಟರನ್ನು ಫಾರ್ಮ್ಯಾಟ್ ಮಾಡಿ ತಂಗಿ ಮಗಳಿಗೆ ಕೊಡಬೇಕು. ಅವನು ಊರಲ್ಲಿಲ್ಲ. 'ಅಮ್ಮ, ನನ್ನ ಸೇವ್ಸ್ ಮುಟ್ಟಬೇಡ' ಅಂತ ಮೂರು ಸಲ ಫೋನ್ ಮಾಡಿದ್ದಾನೆ. ಅವು ಎಲ್ಲಿರುತ್ತವೆ?

ಉತ್ತರ:
ಮೇಡಂ, ಎಲ್ಲೆಂದರಲ್ಲಿ ಇರುತ್ತವೆ. ಡಾಕ್ಯುಮೆಂಟ್ಸ್, ಅದರೊಳಗಿನ 'ಮೈ ಗೇಮ್ಸ್', 'ಸೇವ್ಡ್ ಗೇಮ್ಸ್', ಕಣ್ಣಿಗೆ ಕಾಣದಂತೆ ಮುಚ್ಚಿಟ್ಟ ಆಪ್‌ಡೇಟಾದ ಮೂರು ಕೋಣೆಗಳು. ಆಟ ತಯಾರಿಸುವ ಯೂನಿಟಿ ಅನ್ನೋ ಸಾಫ್ಟ್‌ವೇರ್‌ನಲ್ಲಿ ಮಾಡಿದ ಎಷ್ಟೋ ಆಟಗಳು ಸೆಟ್ಟಿಂಗ್ಸನ್ನು ಫೈಲ್‌ನಲ್ಲಿ ಇಡೋದೇ ಇಲ್ಲ, ವಿಂಡೋಸ್ ತನ್ನ ಸೆಟ್ಟಿಂಗ್ಸ್ ಇಟ್ಟುಕೊಳ್ಳುವ ರಿಜಿಸ್ಟ್ರಿಯಲ್ಲಿ ಬರೆದಿಡುತ್ತವೆ. ನೀವು ಹುಡುಕಲು ಹೋಗಬೇಡಿ.

ಲುಡುಸಾವಿ ಅನ್ನೋ ಉಚಿತ ಸಾಫ್ಟ್‌ವೇರ್ ಇದೆ. ಯಾವ ಆಟ ಎಲ್ಲಿ ಏನು ಇಡುತ್ತದೆ ಅನ್ನೋ ಪಟ್ಟಿ ಅದರ ಬಳಿ ಇದೆ. ಪಿಸಿ ಗೇಮಿಂಗ್ ವಿಕಿಯಲ್ಲಿ ಆಟಗಾರರೇ ಕೂಡಿಸಿಟ್ಟ ಮಾಹಿತಿ ಅದು. ತೆರೆದು ಮೊದಲು ಪ್ರಿವ್ಯೂ ಒತ್ತಿ. ಸಿಕ್ಕ ಆಟಗಳ ಹೆಸರು ಬರುತ್ತದೆ. ಅದರ ಫೋಟೋ ತೆಗೆದು ಮಗನಿಗೆ ಕಳಿಸಿ, ಯಾವುದಾದರೂ ಬಿಟ್ಟಿದೆಯಾ ಅಂತ ಕೇಳಿ. ಆಮೇಲೆ ಹೊರಗಿನ ಹಾರ್ಡ್ ಡಿಸ್ಕ್‌ಗೆ ಬ್ಯಾಕಪ್ ಕೊಡಿ. ರಿಜಿಸ್ಟ್ರಿಯಲ್ಲಿ ಇರೋದನ್ನೂ ಅದು ಎತ್ತಿಕೊಳ್ಳುತ್ತದೆ. ಹೊಸ ಕಂಪ್ಯೂಟರ್‌ನಲ್ಲಿ ಅದೇ ಸಾಫ್ಟ್‌ವೇರ್ ಹಾಕಿ ರಿಸ್ಟೋರ್ ಅಂದರೆ ಆಯಿತು. ಅವನು ಹೂಂ ಅನ್ನುವ ತನಕ ಫಾರ್ಮ್ಯಾಟ್ ಮಾತ್ರ ಮಾಡಬೇಡಿ.

ಹುಬ್ಬಳ್ಳಿಯ ವಿದ್ಯಾರ್ಥಿ:
ಸರ್, ಹೆಸರು ಬದಲಿಸಿದೆ, ಫ್ಯಾನ್ ತಣ್ಣಗಾಯಿತು. ಒಂದು ಆಟೋಸೇವ್ ಕೂಡ ಸಿಕ್ಕಿತು. ಸ್ಕೇಲ್ ಇಟ್ಟು ಅಳೆದೆ, ನೀವು ಹೇಳಿದ ಹಾಗೇ 26. ಮೌಸ್ ಚಕ್ರದ ಹಿಂದಿನ ಬಟನ್ ಒತ್ತುತ್ತಾ ಹೋದೆ, 52ಕ್ಕೆ ಬಂತು. ಆದರೆ ನನ್ನ ಟೇಬಲ್ಲೇ ಅಷ್ಟಿಲ್ಲ, ಚಕ್ಕುಲಿ ಡಬ್ಬಿಗೆ ಹೊಡೆಯುತ್ತದೆ. ಮತ್ತೆ ಇವತ್ತು ಸ್ಟೀಮ್ ಒಂದು ಕಿಟಕಿ ತೆರೆದು ಕ್ಲೌಡ್ ಫೈಲ್ ಬೇಕಾ, ಈ ಮಷೀನಿನದು ಬೇಕಾ ಅಂತ ಕೇಳುತ್ತಿದೆ. ಯಾವುದನ್ನು ಒತ್ತಲಿ?

ಉತ್ತರ:
ಸದ್ಯ ಯಾವುದನ್ನೂ ಒತ್ತಬೇಡಿ. ಕಿಟಕಿಯಲ್ಲಿ ಎರಡರ ದಿನಾಂಕ, ಸಮಯ ಬರೆದಿರುತ್ತದೆ, ಓದಿ. ಮೊದಲು ಈ ಮಷೀನಿನ ಸೇವ್ ಫೋಲ್ಡರನ್ನು ಡೆಸ್ಕ್‌ಟಾಪ್ ಮೇಲೆ ಕಾಪಿ ಮಾಡಿ. ಆಮೇಲೆ ಕೊನೆಗೆ ಎಲ್ಲಿ ಆಡಿದಿರಿ ಅಂತ ನೆನಪು ಮಾಡಿಕೊಂಡು ಅದನ್ನು ಒತ್ತಿ. ತಪ್ಪಿದರೂ ಕಾಪಿ ಕೈಯಲ್ಲಿದೆ. ಆಟ ಮುಚ್ಚಿದ ಕೂಡಲೇ ಲ್ಯಾಪ್‌ಟಾಪ್ ಮಡಚುವ ಅಭ್ಯಾಸ ಇದ್ದರೆ ಈ ಕಿಟಕಿ ಪದೇ ಪದೇ ಬರುತ್ತದೆ. ಹಾಸ್ಟೆಲ್ ವೈಫೈ ನಿಧಾನ, ಅಪ್‌ಲೋಡ್ ಮುಗಿಯೋಕೆ ಬಿಡಿ. ಸ್ಟೀಮ್‌ನಲ್ಲಿ ಪ್ಲೇ ಬಟನ್ ಪಕ್ಕದಲ್ಲೇ ಕ್ಲೌಡ್ ಸ್ಥಿತಿ ಕಾಣುತ್ತದೆ.

ಟೇಬಲ್ ಚಿಕ್ಕದಾದರೆ ಎರಡೂ ಮೌಸನ್ನು 1600ಕ್ಕೆ ಇಟ್ಟು ಸೆನ್ಸಿಟಿವಿಟಿ 0.8 ಮಾಡಿ. ಸುಮಾರು 32 ಸೆಂ.ಮೀ. ಆಗುತ್ತದೆ, ಡಬ್ಬಿ ಉಳಿಯುತ್ತದೆ. ಶಿರಸಿಗೆ ಹೋದ ದಿನ ಅಲ್ಲಿನ ಮೌಸನ್ನೂ ಬದಲಿಸಲು ಮರೆಯಬೇಡಿ. ಮರೆತರೆ ಅಲ್ಲಿ ಒಂದು ಸುತ್ತಿಗೆ 65 ಸೆಂ.ಮೀ. ಎಳೆಯುತ್ತಾ ಕೂರಬೇಕು.